ಏಜಾಕ್ಸ್ ಅಶ್ವತ್ಥಾಮನಾದ ಬಗೆ

ಮೈಸೂರಿನ ಅಗ್ರಹಾರದ ಹಳೆಯ ಮನೆಗಳಲ್ಲಿ ಮಕ್ಕಳ ವರ್ಧಂತಿ ಬಂತೆಂದರೆ, ಎಣ್ಣೆನೀರಾದ ಮೇಲೆ ಹಾಲಿಗೆ ಬೆಲ್ಲ, ಎಳ್ಳು ಹಾಕಿ ಕುಡಿಸುವ ವಾಡಿಕೆ ಇದೆ. ಆಗ ಮನೆಯ ಹಿರಿಯರು ಏಳು ಮಂದಿ ಚಿರಂಜೀವಿಗಳನ್ನು ನೆನೆಯುತ್ತಾರೆ. ಬಲಿ, ವ್ಯಾಸ, ಹನುಮಂತ, ವಿಭೀಷಣ, ಕೃಪ, ಪರಶುರಾಮ ಎಲ್ಲರೂ ಆ ಸಾಲಿನಲ್ಲಿದ್ದಾರೆ. ಆದರೆ ಮೊದಲು ಬಾಯಿಗೆ ಬರುವ ಹೆಸರು ಅಶ್ವತ್ಥಾಮನದು. ಸಾವಿಲ್ಲದವರ ಹೆಸರು ಹೇಳಿ ಮಗುವಿಗೆ ಆಯುಸ್ಸು ಬೇಡುವ ಪ್ರಾರ್ಥನೆ ಅದು.

1929ರಲ್ಲಿ ಒಂದು ಕನ್ನಡ ನಾಟಕ ಅಚ್ಚಾಗಿ ಬಂತು. ಅದರಲ್ಲಿ ಅಶ್ವತ್ಥಾಮ ಸಾಯುತ್ತಾನೆ. ಅವನನ್ನು ಯಾರೂ ಕೊಲ್ಲುವುದಿಲ್ಲ; ಕೈಯಾರೆ ತಾನೇ ಪ್ರಾಣ ಬಿಡುತ್ತಾನೆ. ಬರೆದವರು ಸಂಪ್ರದಾಯ ತಿಳಿಯದವರೇನೂ ಅಲ್ಲ. ಅಗ್ರಹಾರದಿಂದ ರಾಮಸ್ವಾಮಿ ವೃತ್ತದ ಕಡೆಗೆ ನಡೆದರೆ ಅರ್ಧ ಗಂಟೆಯೊಳಗೆ ಸಿಗುವ ಮಹಾರಾಜಾ ಕಾಲೇಜಿನಲ್ಲಿ ಇಂಗ್ಲಿಷ್ ಕಲಿಸಿದ್ದ ಬಿ.ಎಂ. ಶ್ರೀಕಂಠಯ್ಯನವರು, ಕನ್ನಡಿಗರಿಗೆ ಬಿ.ಎಂ.ಶ್ರೀ. ನಾಟಕದ ಹೆಸರು ‘ಅಶ್ವತ್ಥಾಮನ್’. ಸುಮಾರು 2400 ವರ್ಷಗಳ ಹಿಂದೆ ಅಥೆನ್ಸಿನಲ್ಲಿ ಸಾಫೊಕ್ಲೀಸ್ ಬರೆದ ‘ಏಜಾಕ್ಸ್’ ಅದರ ಬೆನ್ನಿಗಿದೆ.

ಗ್ರೀಸಿನ ಪುರಾಣವೀರನೊಬ್ಬ ಕುರುಕ್ಷೇತ್ರಕ್ಕೆ ಬಂದು ನಿಂತದ್ದು ಹೇಗೆ? ಈ ಪ್ರಶ್ನೆಯ ಬೆನ್ನು ಹತ್ತಿದರೆ ಮೈಸೂರಿನಿಂದ ಇಟಲಿಯ ಫ್ಲಾರೆನ್ಸಿನವರೆಗೂ ಹೋಗಬೇಕಾಗುತ್ತದೆ. ಮೊದಲು ಅಲ್ಲಿಗೇ ಹೋಗಿ ಬರೋಣ.

ಕ್ರಿ.ಶ. ನಾಲ್ಕನೆಯ ಶತಮಾನದ ಕೊನೆಯಲ್ಲಿ ರೋಮಿನ ಚಕ್ರವರ್ತಿ ಥಿಯೊಡೋಸಿಯಸ್ ಹಳೆಯ ದೇವತೆಗಳ ಪೂಜೆಯನ್ನು ನಿಷೇಧಿಸಿದ. ಜ್ಯೂಸ್, ಅಪೊಲೊ, ವೀನಸ್ ದೇವತೆಗಳ ಗುಡಿಗಳ ಬಾಗಿಲು ಮುಚ್ಚಿದವು. ಕೆಲವು ಚರ್ಚುಗಳಾದವು, ಕೆಲವು ಕಲ್ಲಿನ ಗಣಿಗಳಾದವು. ಸಾವಿರ ವರ್ಷ ಆ ದೇವತೆಗಳಿಗೆ ದೀಪವಿಲ್ಲ, ನೈವೇದ್ಯವಿಲ್ಲ. ಅವರು ಉಳಿದದ್ದು ಪುಸ್ತಕಗಳಲ್ಲಿ. ಲ್ಯಾಟಿನ್ ಕವಿ ಓವಿಡ್ ಹೇಳಿದ ರೂಪಾಂತರದ ಕಥೆಗಳನ್ನು ಮಠಗಳ ಸನ್ಯಾಸಿಗಳು ನೀತಿಕಥೆಗಳೆಂದು ಅರ್ಥ ಹೇಳಿಕೊಂಡು ಓದುತ್ತಿದ್ದರು. ಗ್ರೀಕ್ ಭಾಷೆಯಂತೂ ಪಶ್ಚಿಮ ಯುರೋಪಿನಲ್ಲಿ ಹೆಚ್ಚುಕಡಿಮೆ ಮರೆತೇ ಹೋಗಿತ್ತು. 1354ರಲ್ಲಿ ಕವಿ ಪೆಟ್ರಾರ್ಕನಿಗೆ ಹೋಮರನ ಗ್ರೀಕ್ ಹಸ್ತಪ್ರತಿಯೊಂದು ಉಡುಗೊರೆಯಾಗಿ ಬಂತು. ಅವನಿಗೆ ಅದರ ಒಂದು ಸಾಲನ್ನೂ ಓದಲು ಬಾರದು. ಆದರೂ ಅದನ್ನು ಎದೆಗವಚಿಕೊಂಡು ನಿಟ್ಟುಸಿರು ಬಿಡುತ್ತಿದ್ದೆನೆಂದು ಅವನೇ ಕಾಗದ ಬರೆದಿದ್ದಾನೆ. ಓದಲಾಗದ ಪುಸ್ತಕವನ್ನು ಅಷ್ಟು ಪ್ರೀತಿಸಿದವನಿಂದಲೇ ಯುರೋಪಿನ ನವೋದಯದ ಕಥೆಯನ್ನು ಆರಂಭಿಸುವುದು ನ್ಯಾಯ.

ಪೆಟ್ರಾರ್ಕನ ಗೆಳೆಯ ಬೊಕಾಚಿಯೊ ಪೇಗನ್ ದೇವತೆಗಳ ವಂಶಾವಳಿಯನ್ನು 15 ಭಾಗಗಳಲ್ಲಿ ಬರೆದ. ಯಾವ ದೇವತೆ ಯಾರ ಮಗ, ಯಾರ ಮಡದಿ, ಯಾವ ಕಥೆಗೆ ಏನು ಅರ್ಥ ಎಂಬುದನ್ನೆಲ್ಲ ಹೇಳಿದ ಮೇಲೆ ಕೊನೆಯ ಎರಡು ಭಾಗಗಳನ್ನು ವಾದಕ್ಕೇ ಮೀಸಲಿಟ್ಟ. ಕ್ರೈಸ್ತನಾದವನು ಈ ಕಥೆಗಳನ್ನು ಓದಬಹುದೇ ಎಂದು ಕೇಳುವವರಿಗೆ ಅಲ್ಲಿ ಉತ್ತರವಿದೆ. 1397ರಲ್ಲಿ ಕಾನ್‌ಸ್ಟಾಂಟಿನೋಪಲಿನ ಮ್ಯಾನುವೆಲ್ ಕ್ರಿಸೊಲೊರಾಸ್ ಫ್ಲಾರೆನ್ಸಿಗೆ ಬಂದು ಗ್ರೀಕ್ ಪಾಠ ಹೇಳತೊಡಗಿದ. 1417ರಲ್ಲಿ ಪೊಜ್ಜಿಯೊ ಬ್ರಾಚೊಲೀನಿ ಮಠವೊಂದರ ಕಪಾಟಿನಿಂದ ಲ್ಯಾಟಿನ್ ಕವಿ ಲುಕ್ರೀಷಿಯಸನ ಕಾವ್ಯವನ್ನು ಹೊರತೆಗೆದ. 1502ರಲ್ಲಿ ವೆನಿಸಿನ ಆಲ್ಡಸ್ ಮನುಶಿಯಸ್ ಸಾಫೊಕ್ಲೀಸನ ನಾಟಕಗಳನ್ನು ಕೈಯಲ್ಲಿ ಹಿಡಿದು ಓಡಾಡಬಹುದಾದ ಚಿಕ್ಕ ಪುಸ್ತಕವಾಗಿ ಮುದ್ರಿಸಿದ. ‘ಏಜಾಕ್ಸ್’ ಅದರೊಳಗಿತ್ತು.

ಇಷ್ಟರಲ್ಲಿ ಚಿತ್ರಗಾರರೂ ಶಿಲ್ಪಿಗಳೂ ಕೆಲಸ ಶುರುಮಾಡಿದ್ದರು. ಬೊಟಿಚೆಲ್ಲಿಯ ವೀನಸ್ ಚಿಪ್ಪಿನ ಮೇಲೆ ನಿಂತು ದಡ ಸೇರಿದ್ದು 1485ರ ಸುಮಾರಿಗೆ. 1506ರ ಜನವರಿಯಲ್ಲಿ ರೋಮಿನ ದ್ರಾಕ್ಷಿತೋಟವೊಂದರಲ್ಲಿ ನೆಲ ಅಗೆಯುವಾಗ ಲಾವೊಕೂನ್ ಶಿಲ್ಪ ಸಿಕ್ಕಿತು: ಟ್ರಾಯ್ ನಗರದ ಪುರೋಹಿತ ಮತ್ತು ಅವನ ಇಬ್ಬರು ಗಂಡುಮಕ್ಕಳು, ಮೂವರನ್ನೂ ಸುತ್ತಿಕೊಂಡ ಹಾವುಗಳು. ಸುದ್ದಿ ಕೇಳಿ ನೋಡಲು ಓಡಿದವರಲ್ಲಿ ಮೈಕೆಲೆಂಜೆಲೊನೂ ಇದ್ದ.

ಈ ಪುನರ್ಜನ್ಮದ ಒಂದು ಅಲೆ ಭಾರತದ ಕರಾವಳಿಯವರೆಗೂ ಬಂದಿದೆ ಎಂಬುದನ್ನು ಇಲ್ಲಿ ಹೇಳಲೇಬೇಕು. ಪೋರ್ಚುಗೀಸ್ ಕವಿ ಕಮೋಯಿಂಶ್ ಗೋವೆಯಲ್ಲಿ ಇದ್ದವನು. 1572ರಲ್ಲಿ ಪ್ರಕಟವಾದ ಅವನ ಮಹಾಕಾವ್ಯದ ವಸ್ತು ವಾಸ್ಕೊ ಡ ಗಾಮ ಕಲ್ಲಿಕೋಟೆಗೆ ಬಂದ ಯಾನ. ಆ ಕ್ರೈಸ್ತ ನಾವಿಕನ ಹಡಗಿಗೆ ಕಾವಲು ವೀನಸ್ ದೇವತೆ, ಅಡ್ಡಿ ಬ್ಯಾಕಸ್. ಭಾರತವನ್ನು ತಾನು ಮೊದಲೇ ಗೆದ್ದಿದ್ದೇನೆ, ಆ ಕೀರ್ತಿಯನ್ನು ಈ ಪೋರ್ಚುಗೀಸರು ಕಸಿದುಕೊಳ್ಳುತ್ತಾರೆ ಎಂದು ಬ್ಯಾಕಸನಿಗೆ ಹೊಟ್ಟೆಕಿಚ್ಚು. ಧರ್ಮಪರೀಕ್ಷಕರ ಕಡೆಯವರು ಹಸ್ತಪ್ರತಿ ಓದಿ, ಇವರು ಕಾವ್ಯದ ಅಲಂಕಾರಕ್ಕೆ ಬಂದ ದೇವತೆಗಳೇ ಹೊರತು ನಿಜವಾದ ದೇವರಲ್ಲ ಎಂಬ ತಿಳಿವಳಿಕೆಯ ಮೇಲೆ ಅಚ್ಚಿಗೆ ಒಪ್ಪಿಗೆ ಕೊಟ್ಟರು.

ಅಲಂಕಾರಕ್ಕೆ ಬಂದ ದೇವತೆಗಳು! ಯುರೋಪಿನ ನವೋದಯಕ್ಕಿದ್ದ ಸವಲತ್ತು ಅಷ್ಟರಲ್ಲೇ ಕಾಣುತ್ತದೆ. ವೀನಸಳನ್ನು ಹೇಗೆ ಬರೆದರೂ ಕೇಳುವುದಕ್ಕೆ ಅವಳ ಭಕ್ತರು ಉಳಿದಿರಲಿಲ್ಲ. 1497ರಲ್ಲಿ ಸನ್ಯಾಸಿ ಸವೊನರೋಲನ ಮಾತಿಗೆ ಮರುಳಾದ ಫ್ಲಾರೆನ್ಸಿನ ಜನ ಚಿತ್ರ, ಪುಸ್ತಕ, ಕನ್ನಡಿಗಳನ್ನು ಚೌಕದಲ್ಲಿ ಒಟ್ಟಿ ಸುಟ್ಟದ್ದು ನಿಜ. ಅದು ಕ್ರೈಸ್ತ ಧರ್ಮದ ಹೆಸರಿನಲ್ಲಿ ನಡೆದದ್ದು. ನಮ್ಮ ದೇವತೆಗೆ ಅವಮಾನವಾಯಿತು ಎಂದು ಎದ್ದು ಬಂದವರು ಒಬ್ಬರೂ ಇಲ್ಲ.

ಕಥೆಗಳ ಕೊನೆಯನ್ನು ಬದಲಿಸುವುದಕ್ಕೂ ಯುರೋಪಿನ ಕಲಾವಿದರಿಗೆ ಅಡ್ಡಿಯಿರಲಿಲ್ಲ. ಗ್ರೀಕರು ರುದ್ರನಾಟಕವನ್ನು ಹಾಡಿಕೊಂಡೇ ಆಡುತ್ತಿದ್ದರು ಎಂದು ನಂಬಿದ ಫ್ಲಾರೆನ್ಸಿನ ಕೆಲವು ವಿದ್ವಾಂಸರು ಮತ್ತು ಸಂಗೀತಗಾರರು ಅಂಥದ್ದನ್ನೇ ಮತ್ತೆ ಕಟ್ಟಲು ಹೊರಟರು. ಅದರಿಂದ ಆಪೆರಾ ಹುಟ್ಟಿತು. ಸಂಗೀತದ ಸಮೇತ ಉಳಿದು ಬಂದಿರುವ ಅತ್ಯಂತ ಹಳೆಯ ಆಪೆರಾ 1600ರಲ್ಲಿ ಆಡಿದ ‘ಯೂರಿಡಿಚೆ’. ಸತ್ತ ಹೆಂಡತಿಯನ್ನು ಕರೆತರಲು ಗಾಯಕ ಆರ್ಫಿಯಸ್ ಪಾತಾಳಕ್ಕೆ ಇಳಿಯುವ ಕಥೆ ಅದು. ಮೂಲದಲ್ಲಿ ಅವನು ಹಿಂತಿರುಗಿ ನೋಡುತ್ತಾನೆ, ಅವಳು ಮತ್ತೆ ಕೈತಪ್ಪಿ ಹೋಗುತ್ತಾಳೆ. ಆದರೆ ಈ ಆಪೆರಾ ಆಡಿದ್ದು ಮಾರಿಯಾ ಡಿ ಮೆಡಿಚಿಯ ಮದುವೆಯ ಸಂಭ್ರಮದಲ್ಲಿ. ಮದುವೆಮನೆಯಲ್ಲಿ ಹೆಂಡತಿ ಸಾಯುವ ಕಥೆಯೇ? ಹಾಗಾಗಿ ಯೂರಿಡಿಚೆ ಜೀವಂತವಾಗಿ ಗಂಡನ ಜೊತೆ ಮೇಲೆ ಬರುತ್ತಾಳೆ. ಗ್ರೀಕ್ ಪುರಾಣ ಸಾಯಿಸಿದವಳನ್ನು ಫ್ಲಾರೆನ್ಸ್ ಬದುಕಿಸಿತು. ಮೂರು ಶತಮಾನ ಕಳೆದ ಮೇಲೆ, ಮಹಾಭಾರತ ಬದುಕಿಸಿಟ್ಟವನನ್ನು ಮೈಸೂರು ಸಾಯಿಸಿತು. ಎರಡೂ ಕಡೆ ಪುರಾಣವನ್ನು ಮುಟ್ಟಿದ ಕೈಗೆ ಧೈರ್ಯವಿತ್ತು. ಮೈಸೂರಿನ ಕೈಗೆ ಹೆಚ್ಚು ಧೈರ್ಯ ಬೇಕಿತ್ತು.

ಮೈಸೂರಿನಲ್ಲೂ ಕೆಲಸ ಶುರುವಾದದ್ದು ಹಸ್ತಪ್ರತಿಗಳಿಂದಲೇ. ಓಲೆಗರಿಗಳಲ್ಲಿ ಹುದುಗಿದ್ದ ‘ಕವಿರಾಜಮಾರ್ಗ’ ಮತ್ತು ಪಂಪನ ‘ವಿಕ್ರಮಾರ್ಜುನ ವಿಜಯ’ ಎರಡೂ 1898ರಲ್ಲಿ ಅಚ್ಚಾದವು, ಒಂದನ್ನು ಕೆ.ಬಿ. ಪಾಠಕರು ಸಂಪಾದಿಸಿದರು, ಇನ್ನೊಂದನ್ನು ಬಿ.ಎಲ್. ರೈಸ್ ಹೊರತಂದರು. ಕೃಷ್ಣರಾಜ ಬುಲೆವಾರ್ಡಿನ ಓರಿಯಂಟಲ್ ಲೈಬ್ರರಿಯಲ್ಲಿ ಆರ್. ಶಾಮಾಶಾಸ್ತ್ರಿಗಳ ಕೈಗೆ ಕೌಟಿಲ್ಯನ ‘ಅರ್ಥಶಾಸ್ತ್ರ’ದ ಓಲೆಪ್ರತಿ ಸಿಕ್ಕಿ 1909ರಲ್ಲಿ ಪ್ರಕಟವಾಯಿತು. ಆರ್. ನರಸಿಂಹಾಚಾರ್ಯರ ‘ಕರ್ನಾಟಕ ಕವಿಚರಿತೆ’ಯ ಮೊದಲ ಸಂಪುಟ 1907ರದು. ಹೆಸರು ಮಾತ್ರ ಕೇಳಿಬರುತ್ತಿದ್ದ ಹಳಗನ್ನಡ ಕವಿಗಳು ಹತ್ತಿಪ್ಪತ್ತು ವರ್ಷಗಳಲ್ಲಿ ಒಬ್ಬೊಬ್ಬರಾಗಿ ಅಚ್ಚಿನಲ್ಲಿ ಓದುಗರೆದುರು ಬಂದು ನಿಂತರು. ಕುಮಾರವ್ಯಾಸನ ಭಾರತ, ಲಕ್ಷ್ಮೀಶನ ಜೈಮಿನಿ ಗಮಕಿಗಳ ಬಾಯಲ್ಲಿ ಹೇಗೂ ಉಳಿದಿದ್ದವು. ಪಂಪ, ರನ್ನರು ಮಾತ್ರ ನಿಜವಾಗಿ ಮರಳಿ ಬಂದವರು.

ಅದೇ ಶಾಮಾಶಾಸ್ತ್ರಿಗಳು ಇನ್ನೊಂದು ಕುತೂಹಲದ ವಾದಕ್ಕೂ ಕೈಹಾಕಿದ್ದರು. ಈಜಿಪ್ಟಿನ ಆಕ್ಸಿರಿಂಕಸಿನಲ್ಲಿ ಸಿಕ್ಕಿ 1903ರಲ್ಲಿ ಪ್ರಕಟವಾದ ಪಪೈರಸ್ ಒಂದರಲ್ಲಿ ಪುಟ್ಟ ಗ್ರೀಕ್ ಪ್ರಹಸನವಿದೆ. ಯೂರಿಪಿಡೀಸನ ಇಫಿಜೀನಿಯ ನಾಟಕದ ಅಣಕ ಅದು: ಗ್ರೀಕ್ ಹೆಣ್ಣುಮಗಳೊಬ್ಬಳು ಭಾರತದ ಕಡಲ ತೀರದಲ್ಲಿ ಸೆರೆಯಾಗಿದ್ದಾಳೆ, ಅವಳ ಅಣ್ಣ ಬಂದು ಅಲ್ಲಿನ ದೊರೆಗೆ ಹೆಂಡ ಕುಡಿಸಿ ಬಿಡಿಸಿಕೊಂಡು ಹೋಗುತ್ತಾನೆ. ಆ ದೊರೆಯೂ ಪರಿವಾರವೂ ಆಡುವ ಮಾತು ಗ್ರೀಕ್ ಅಲ್ಲ. ಅದು ಕನ್ನಡ ಎಂದು ಜರ್ಮನ್ ವಿದ್ವಾಂಸ ಹುಲ್ಚ್ 1904ರಲ್ಲಿ ಸೂಚಿಸಿದರು. ಶಾಮಾಶಾಸ್ತ್ರಿಗಳೂ ಮಂಜೇಶ್ವರದ ಗೋವಿಂದ ಪೈಗಳೂ ಆ ಜಾಡಿನಲ್ಲಿ ಮುಂದೆ ಹೋದರು. ಎಲ್ಲ ವಿದ್ವಾಂಸರೂ ಇದನ್ನು ಒಪ್ಪಿಲ್ಲ. ಆದರೂ ಗ್ರೀಕ್ ರಂಗಭೂಮಿಗೂ ಈ ಕರಾವಳಿಗೂ ಅಷ್ಟು ಹಿಂದೆಯೇ ಮಾತುಕತೆ ಇದ್ದಿರಬಹುದೆಂಬ ಕಲ್ಪನೆ ಅಂದಿನ ಕನ್ನಡ ಓದುಗರಿಗೆ ಎಂಥ ಹುಮ್ಮಸ್ಸು ಕೊಟ್ಟಿರಬೇಕು!

ಇಂಥ ಕಾಲದಲ್ಲಿ ಬಿ.ಎಂ.ಶ್ರೀ ಗ್ರೀಕ್ ನಾಟಕಗಳತ್ತ ತಿರುಗಿದರು. 1884ರಲ್ಲಿ ಹುಟ್ಟಿದ ಅವರು 1911ರಲ್ಲೇ ಧಾರವಾಡದ ವಿದ್ಯಾವರ್ಧಕ ಸಂಘದಲ್ಲಿ ಕನ್ನಡ ತಲೆಯೆತ್ತುವ ಬಗೆಯ ಮೇಲೆ ಭಾಷಣ ಮಾಡಿದ್ದವರು. ಅವರು ಇಂಗ್ಲಿಷ್ ಕವಿತೆಗಳನ್ನು ಕನ್ನಡಕ್ಕೆ ತಂದದ್ದು, ಅದರಿಂದ ಭಾವಗೀತೆಗೆ ಹೊಸ ಲಯ ಬಂದದ್ದು ಶಾಲೆಯ ಮಕ್ಕಳಿಗೂ ಗೊತ್ತು. ಅವರ ಮೂರು ನಾಟಕಗಳ ಮಾತು ಅಷ್ಟಾಗಿ ಕೇಳಿಬರುವುದಿಲ್ಲ. ‘ಗದಾಯುದ್ಧ ನಾಟಕಂ’ 1926ರದು, ‘ಅಶ್ವತ್ಥಾಮನ್’ 1929ರದು, ‘ಪಾರಸಿಕರು’ 1935ರದು. ಮೊದಲನೆಯದು ರನ್ನನ ಕಾವ್ಯವನ್ನು ಗ್ರೀಕ್ ರುದ್ರನಾಟಕದ ಕಣ್ಣಿನಿಂದ ನೋಡಿ ಕಟ್ಟಿದ್ದು. ಎರಡನೆಯದು ಗ್ರೀಕ್ ನಾಟಕವನ್ನು ಮಹಾಭಾರತದ ನೆಲದಲ್ಲಿ ಊರಿದ್ದು. ಮೂರನೆಯದು ಈಸ್ಕಿಲಸನ ಗ್ರೀಕ್ ನಾಟಕದ ಅನುವಾದ, ಪಾತ್ರಗಳ ಹೆಸರನ್ನೂ ಬದಲಿಸದೆ. ಮೂರನ್ನೂ ಒಟ್ಟಿಗೆ ಇಟ್ಟುಕೊಂಡು ಓದಿದರೆ ಒಂದು ಸಂಗತಿ ಎದ್ದು ಕಾಣುತ್ತದೆ. ಮೂರರ ನಡುವೆಯೂ ನಿಂತವನು ಸೋತವನು.

ರನ್ನನ ಕಾವ್ಯದ ಅಧಿಕೃತ ನಾಯಕ ಭೀಮ; ಅವನೊಂದಿಗೆ ತನ್ನ ಆಶ್ರಯದಾತ ಚಾಲುಕ್ಯ ಸತ್ಯಾಶ್ರಯನನ್ನು ಸಮೀಕರಿಸಿ ರನ್ನ ಬರೆದ. ಆದರೆ ಓದುಗನ ಮನಸ್ಸು ಅಂಟಿಕೊಳ್ಳುವುದು ದುರ್ಯೋಧನನಿಗೆ. ಹದಿನೆಂಟನೆಯ ದಿನ, ಸಂಜಯನ ಕೈಹಿಡಿದು, ಹೆಣಗಳ ರಾಶಿಯನ್ನು ದಾಟಿಕೊಂಡು ಅವನು ಶರಶಯ್ಯೆಯ ಭೀಷ್ಮನ ಬಳಿಗೆ ಹೋಗುತ್ತಾನೆ. ದಾರಿಯಲ್ಲಿ ದ್ರೋಣ ಬಿದ್ದಿದ್ದಾನೆ, ದುಶ್ಶಾಸನ ಬಿದ್ದಿದ್ದಾನೆ, ಮಗ ಲಕ್ಷಣಕುಮಾರ ಬಿದ್ದಿದ್ದಾನೆ, ಕರ್ಣ ಬಿದ್ದಿದ್ದಾನೆ. ಅಭಿಮನ್ಯುವಿನ ಹೆಣದ ಮುಂದೆಯೂ ದುರ್ಯೋಧನ ನಿಲ್ಲುತ್ತಾನೆ. ಶತ್ರುವಿನ ಮಗ, ತನ್ನ ಕಡೆಯವರೇ ಸುತ್ತುವರಿದು ಕೊಂದ ಹುಡುಗ. ಅವನಿಗೆ ಕೈಮುಗಿದು, ನಿನ್ನಂಥ ಸಾವು ನನಗೂ ಬರಲಿ ಎನ್ನುತ್ತಾನೆ. ಕನ್ನಡದಲ್ಲಿ ಇದಕ್ಕಿಂತ ದೊಡ್ಡ ಗಳಿಗೆಗಳು ಹೆಚ್ಚಿಲ್ಲ. ಛಲದಂಕಮಲ್ಲ ದುರ್ಯೋಧನನ ಛಲ ಕರಗಿ ಔದಾರ್ಯವಾಗುವ ಜಾಗ ಅದು. ಸಾವಿರ ವರ್ಷದ ಹಿಂದಿನ ಆ ಕಾವ್ಯದೊಳಗೆ ಒಂದು ರುದ್ರನಾಟಕವೇ ಇದೆ ಎಂದು ಕಂಡ ಬಿ.ಎಂ.ಶ್ರೀ, ರನ್ನನ ಪದ್ಯಗಳನ್ನೇ ಆಯ್ದು ಜೋಡಿಸಿ ದುರ್ಯೋಧನನನ್ನು ನಾಟಕದ ನಡುವಿಗೆ ತಂದರು. ನಾಗಚಂದ್ರನ ರಾಮಾಯಣದ ರಾವಣನ ಬಗ್ಗೆಯೂ ಅವರು ಇಂಗ್ಲಿಷಿನಲ್ಲಿ ಒಂದು ಪ್ರಬಂಧ ಬರೆದು, ಅವನು ದುರಂತ ನಾಯಕ ಎಂದು ತೋರಿಸಿದರು. ಗ್ರೀಕ್ ಓದು ಕನ್ನಡಕ್ಕೆ ಮಾಡಿದ ಮೊದಲ ಉಪಕಾರ ಇದು: ಮನೆಯಲ್ಲೇ ಇದ್ದದ್ದನ್ನು ಕಾಣಿಸಿತು.

ಈಗ ಏಜಾಕ್ಸ್. ಟ್ರಾಯ್ ಯುದ್ಧದಲ್ಲಿ ಅಕಿಲೀಸನ ನಂತರ ಗ್ರೀಕರ ಕಡೆ ಅವನೇ ಮಹಾವೀರ. ಅಕಿಲೀಸ್ ಸತ್ತ ಮೇಲೆ ಅವನ ಆಯುಧಗಳು ತನಗೆ ಬರಬೇಕೆಂದು ಏಜಾಕ್ಸ್ ಕಾದಿದ್ದ. ನಾಯಕರು ಅವನ್ನು ಚತುರಮತಿ ಒಡಿಸ್ಸಿಯಸನಿಗೆ ಕೊಟ್ಟರು. ಅವಮಾನದಿಂದ ಕುದಿದು, ರಾತ್ರಿ ಕತ್ತಿ ಹಿಡಿದು ತನ್ನ ಸೇನೆಯ ನಾಯಕರನ್ನೇ ಕೊಲ್ಲಲು ಹೊರಟ. ಅಥೀನಾ ದೇವತೆ ಅವನ ಕಣ್ಣಿಗೆ ಮಂಕು ಕವಿಸಿದಳು. ಅವನು ಕಡಿದು ಹಾಕಿದ್ದು ಲೂಟಿಯಲ್ಲಿ ತಂದ ದನ, ಕುರಿಗಳನ್ನು. ಬೆಳಗಾಗಿ ಬುದ್ಧಿ ತಿಳಿಯಾದಾಗ ನೆತ್ತರಿನ ಮಡುವಿನಲ್ಲಿ ಕೂತಿದ್ದಾನೆ. ಹೆಂಡತಿ ಟೆಕ್ಮೆಸ್ಸಾ ಬೇಡಿಕೊಳ್ಳುತ್ತಾಳೆ. ಪುಟ್ಟ ಮಗನನ್ನು ತಂದು ತೋರಿಸುತ್ತಾಳೆ. ಅವನು ಮಗನಿಗೆ ತನ್ನ ಗುರಾಣಿ ಕೊಟ್ಟು, ಕಡಲ ದಡಕ್ಕೆ ಹೋಗಿ, ಕತ್ತಿಯ ಹಿಡಿಯನ್ನು ನೆಲದಲ್ಲಿ ಹೂತು ಅದರ ಮೇಲೆ ಬೀಳುತ್ತಾನೆ. ಆ ಕತ್ತಿ ಶತ್ರು ಹೆಕ್ಟರ್ ಉಡುಗೊರೆ ಕೊಟ್ಟದ್ದು.

ನಾಟಕ ಅಲ್ಲಿಗೆ ಮುಗಿಯುವುದಿಲ್ಲ. ಹೆಣವನ್ನು ಮಣ್ಣು ಮಾಡಕೂಡದು, ನಾಯಿ ಹದ್ದುಗಳಿಗೆ ಬಿಡಬೇಕು ಎಂದು ಸೇನೆಯ ದೊರೆಗಳು ಹಟ ಹಿಡಿಯುತ್ತಾರೆ. ಆಗ ಏಜಾಕ್ಸನ ಪರವಾಗಿ ನಿಲ್ಲುವವನು ಯಾರು? ಅವನ ಬದ್ಧವೈರಿ, ಆಯುಧ ಪಡೆದ ಒಡಿಸ್ಸಿಯಸ್. ಸತ್ತ ಮೇಲೆ ವೈರವೇನು ಎಂದು ವಾದಿಸಿ ಸಂಸ್ಕಾರ ಮಾಡಿಸುತ್ತಾನೆ.

ರಾತ್ರಿಯ ಹತ್ಯೆ, ದೈವ ಕವಿಸಿದ ಮಂಕು, ಬೆಳಗಿನ ಪಶ್ಚಾತ್ತಾಪ. ಇದನ್ನು ಓದಿದ ಭಾರತೀಯನಿಗೆ ಮಹಾಭಾರತದ ಸೌಪ್ತಿಕ ಪರ್ವ ನೆನಪಾಗದೆ ಇದ್ದೀತೆ? ತಂದೆ ದ್ರೋಣನನ್ನು ಮೋಸದಿಂದ ಕೊಂದವರ ಮೇಲೆ ಸೇಡು ತೀರಿಸಲು ಅಶ್ವತ್ಥಾಮ ರುದ್ರನ ಆವೇಶದಲ್ಲಿ ನಡುರಾತ್ರಿ ಪಾಂಡವರ ಪಾಳೆಯಕ್ಕೆ ನುಗ್ಗಿ, ಮಲಗಿದ್ದ ಧೃಷ್ಟದ್ಯುಮ್ನನನ್ನೂ ದ್ರೌಪದಿಯ ಐವರು ಮಕ್ಕಳನ್ನೂ ಕೊಲ್ಲುತ್ತಾನೆ. ವ್ಯಾಸಭಾರತದಲ್ಲಿ ಅವನಿಗೆ ಸಿಕ್ಕುವ ಶಿಕ್ಷೆ ಸಾವಿಗಿಂತ ಕಠಿಣ: ತಲೆಯ ಮಣಿ ಕಿತ್ತುಕೊಟ್ಟು, ಕೃಷ್ಣನ ಶಾಪದಿಂದ ರೋಗಿಷ್ಠನಾಗಿ 3000 ವರ್ಷ ಕಾಡಿನಲ್ಲಿ ಒಂಟಿಯಾಗಿ ಅಲೆಯಬೇಕು. ಬಿ.ಎಂ.ಶ್ರೀ ಅವನನ್ನು ಏಜಾಕ್ಸನ ಜಾಗದಲ್ಲಿ ನಿಲ್ಲಿಸಿದರು. ಮಹಾಭಾರತದಲ್ಲಿಲ್ಲದ ಹೆಂಡತಿಯನ್ನು, ಭಾರ್ಗವಿಯನ್ನು ಕೊಟ್ಟರು, ಮಗನನ್ನು ಕೊಟ್ಟರು. ದ್ರೋಣನಿಗೆ ಹೆಬ್ಬೆರಳು ಕೊಟ್ಟ ಏಕಲವ್ಯನನ್ನು ಕರೆತಂದರು. ಗ್ರೀಕ್ ನಾಟಕದಲ್ಲಿರುವಂತೆ ಮೇಳವನ್ನಿಟ್ಟರು. ಭಾಷೆ ಹಳಗನ್ನಡದ ಬಿಗಿ ತಳೆಯಿತು. ಏಕಲವ್ಯನನ್ನು ಆರಿಸಿದ್ದಂತೂ ಎಂಥ ಸೂಕ್ಷ್ಮ! ಗ್ರೀಕ್ ನಾಟಕದಲ್ಲಿ ಹೆಣದ ಮರ್ಯಾದೆಗಾಗಿ ಮೊದಲು ಹೋರಾಡುವವನು ಏಜಾಕ್ಸನ ಮಲತಮ್ಮ ಟ್ಯೂಸರ್, ಬಿಲ್ಲುಗಾರ; ಹೀನಕುಲದವನೆಂದು ದೊರೆಗಳಿಂದ ಬೈಸಿಕೊಳ್ಳುವವನು. ಬಿಲ್ಲು, ಕುಲದ ನಿಂದೆ, ಒಬ್ಬನೇ ತಂದೆಯ ಬದಲಿಗೆ ಒಬ್ಬನೇ ಗುರು. ಏಕಲವ್ಯನಿಗಿಂತ ಹೊಂದುವ ಪಾತ್ರ ಮಹಾಭಾರತದಲ್ಲಿ ಎಲ್ಲಿ ಹುಡುಕಿದರೂ ಸಿಕ್ಕುವುದಿಲ್ಲ.

ಆಕ್ಷೇಪಗಳು ಬಂದವು. ಬರಲೇಬೇಕಿತ್ತು. ಚಿರಂಜೀವಿಯನ್ನು ಸಾಯಿಸಬಹುದೇ? ಆತ್ಮಹತ್ಯೆ ನಮ್ಮ ವೀರರಿಗೆ ಒಪ್ಪುವ ನಡತೆಯೇ? ಪುರಾಣಕಥೆಯನ್ನು ಎಷ್ಟರಮಟ್ಟಿಗೆ ತಿದ್ದಬಹುದು ಎಂಬ ಚರ್ಚೆ ಕನ್ನಡ ವಿಮರ್ಶೆಯಲ್ಲಿ ಹಲವು ದಶಕ ನಡೆಯಿತು, ಇನ್ನೂ ನಿಂತಿಲ್ಲ. ಈ ಆಕ್ಷೇಪವನ್ನು ಹಳೆಯ ಕಾಲದವರ ಮಡಿವಂತಿಕೆ ಎಂದು ತಳ್ಳಿಹಾಕುವುದು ಸರಿಯಲ್ಲ. ಅಗ್ರಹಾರದ ವೃತ್ತದಲ್ಲಿ ನೂರೊಂದು ಗಣಪತಿಯ ಗುಡಿಯಿದೆ. ಅಲ್ಲಿ ದಿನವೂ ಪೂಜೆ ನಡೆಯುತ್ತದೆ. ಗಣಪತಿ, ಕೃಷ್ಣ, ಹನುಮಂತ ಇಲ್ಲಿ ಕಾವ್ಯಾಲಂಕಾರಗಳಲ್ಲ; ಹರಕೆ ಹೊತ್ತ ಜನರ ದೇವರು. ಬೊಟಿಚೆಲ್ಲಿ ಕೈಯಿಟ್ಟದ್ದು ಪೂಜೆ ನಿಂತು ಸಾವಿರ ವರ್ಷವಾಗಿದ್ದ ವೀನಸಳ ಮೇಲೆ. ಬಿ.ಎಂ.ಶ್ರೀ ಕೈಯಿಟ್ಟದ್ದು ಅಕ್ಕಪಕ್ಕದ ಮನೆಯವರು ಮಕ್ಕಳ ಹುಟ್ಟಿದ ದಿನ ನೆನೆಯುವ ಹೆಸರಿನ ಮೇಲೆ. ಜನರ ನಂಬಿಕೆಯಲ್ಲಿ ಜೀವಂತವಾಗಿರುವ ಪುರಾಣವನ್ನು ಮುಟ್ಟುವವನು ಉತ್ತರ ಹೇಳಬೇಕಾಗುತ್ತದೆ.

ಅವರ ಪರವಾಗಿ ಹೇಳಬೇಕಾದದ್ದೂ ಇದೆ. 3000 ವರ್ಷ ಕೀವು ಸುರಿಸಿಕೊಂಡು ಅಲೆಯುವ ಅಶ್ವತ್ಥಾಮನಿಗೆ ಪಶ್ಚಾತ್ತಾಪ ಪಡುವ ಅವಕಾಶವೇ ಇಲ್ಲ. ಅವನು ಶಿಕ್ಷೆ ಅನುಭವಿಸುವವನು ಮಾತ್ರ. ತನ್ನ ಕೃತ್ಯವನ್ನು ತಾನೇ ಕಂಡು, ತಾನೇ ತೀರ್ಪು ಕೊಟ್ಟುಕೊಳ್ಳುವ ಅಶ್ವತ್ಥಾಮನಿಗೆ ಮನುಷ್ಯನ ಘನತೆ ಬರುತ್ತದೆ. ಸಾವಿನ ದಾರಿಯನ್ನು ಒಪ್ಪದವರೂ ಈ ಘನತೆಯನ್ನು ಕಾಣಬಹುದು. ಬಿ.ಎಂ.ಶ್ರೀ ಪುರಾಣವನ್ನು ಕೆಡಿಸಿದರು ಎನ್ನುವುದಕ್ಕಿಂತ, ಪುರಾಣ ಕೈಬಿಟ್ಟವನನ್ನು ಅವರು ಎತ್ತಿಕೊಂಡರು ಎನ್ನುವುದೇ ಸತ್ಯಕ್ಕೆ ಹತ್ತಿರ.

‘ಪಾರಸಿಕರು’ ಈ ದಾರಿಯ ಮುಂದಿನ ಹೆಜ್ಜೆ. ಕ್ರಿ.ಪೂ. 480ರಲ್ಲಿ ಪರ್ಷಿಯದ ದೊರೆ ಕ್ಸರ್ಕ್ಸೀಸ್ ಅಥೆನ್ಸನ್ನು ಸುಟ್ಟ. ಅದೇ ವರ್ಷ ಸಲಾಮಿಸಿನ ನೌಕಾಯುದ್ಧದಲ್ಲಿ ಸೋತು ಓಡಿದ. ಎಂಟು ವರ್ಷ ಕಳೆದು, ಕ್ರಿ.ಪೂ. 472ರಲ್ಲಿ, ಮ್ಯಾರಥಾನಿನಲ್ಲಿ ಸ್ವತಃ ಕಾದಿದ್ದ ಈಸ್ಕಿಲಸ್ ಅಥೆನ್ಸಿನ ರಂಗದ ಮೇಲೆ ಇದರ ನಾಟಕ ಆಡಿಸಿದ. ಗೆದ್ದ ಊರಿನಲ್ಲಿ ಆಡುವ ನಾಟಕ. ನಡೆಯುವುದು ಮಾತ್ರ ಸೋತವರ ರಾಜಧಾನಿ ಸೂಸಾದಲ್ಲಿ. ಮುದುಕರ ಮೇಳ ಸುದ್ದಿಗಾಗಿ ಕಾಯುತ್ತಿದೆ. ರಾಜಮಾತೆಗೆ ಕೆಟ್ಟ ಕನಸು ಬಿದ್ದಿದೆ. ದೂತ ಬಂದು ಸತ್ತವರ ಹೆಸರುಗಳನ್ನು ಒಂದೊಂದಾಗಿ ಹೇಳುತ್ತಾನೆ. ಸತ್ತ ದೊರೆ ದರಾಯಸನ ಪ್ರೇತ ಗೋರಿಯಿಂದೆದ್ದು ಮಗನ ಅಹಂಕಾರವನ್ನು ಹಳಿಯುತ್ತದೆ. ಕೊನೆಗೆ ಹರಿದ ಬಟ್ಟೆಯಲ್ಲಿ ಕ್ಸರ್ಕ್ಸೀಸ್ ಬರುತ್ತಾನೆ. ತಮ್ಮ ಮನೆ ಸುಟ್ಟ ಶತ್ರುವಿನ ತಾಯಿಗಾಗಿ ಅಥೆನ್ಸಿನ ಜನ ಕಣ್ಣೀರು ಹಾಕಬೇಕು ಎಂದು ಈಸ್ಕಿಲಸ್ ಕೇಳಿದ. ಅವರು ಅವನಿಗೆ ಮೊದಲ ಬಹುಮಾನ ಕೊಟ್ಟರು. ಇಂದು ಉಳಿದಿರುವ ಗ್ರೀಕ್ ರುದ್ರನಾಟಕಗಳಲ್ಲಿ ಅತಿ ಹಳೆಯದು ಇದೇ ಎಂದು ವಿದ್ವಾಂಸರ ಎಣಿಕೆ. ಅಭಿಮನ್ಯುವಿಗೆ ಕೈಮುಗಿದ ರನ್ನನ ದುರ್ಯೋಧನ, ಏಜಾಕ್ಸನ ಪರ ನಿಂತ ಒಡಿಸ್ಸಿಯಸ್, ಪರ್ಷಿಯದವರ ಗೋಳನ್ನು ಆಲಿಸಿದ ಅಥೆನ್ಸ್: ಬಿ.ಎಂ.ಶ್ರೀ ಗ್ರೀಕ್ ಭಂಡಾರದಿಂದ ಆರಿಸಿಕೊಂಡದ್ದು ವೀನಸಳ ಚೆಲುವನ್ನಲ್ಲ, ಈ ಔದಾರ್ಯವನ್ನು. ಪರರ ಆಳ್ವಿಕೆಯಲ್ಲಿದ್ದ ನಾಡಿನ ಮೇಷ್ಟರಿಗೆ ಸೋಲಿನ ಘನತೆ ಅಷ್ಟು ಮುಖ್ಯವಾಗಿ ಕಂಡದ್ದರಲ್ಲಿ ಆಶ್ಚರ್ಯವಿಲ್ಲ.

ಅವರು ಬಿತ್ತಿದ್ದು ಮೈಸೂರಿನಲ್ಲೇ ಬೆಳೆಯಿತು. ಅದೇ ಮಹಾರಾಜಾ ಕಾಲೇಜಿನಲ್ಲಿ ಓದಿ, ಅಲ್ಲೇ ಕಲಿಸಿದ ಕುವೆಂಪು ‘ಶ್ರೀರಾಮಾಯಣ ದರ್ಶನಂ’ನ ಆರಂಭದಲ್ಲಿ ವ್ಯಾಸ, ಪಂಪ, ಕುಮಾರವ್ಯಾಸರಿಗೆ ನಮಸ್ಕರಿಸುವಾಗಲೇ ಹೋಮರ್, ವರ್ಜಿಲ್, ಡಾಂಟೆ, ಮಿಲ್ಟನ್‌ರಿಗೂ ನಮಸ್ಕರಿಸಿದರು. ಹೋಮರನ ಹಾಗೆ ಸಾಲುಸಾಲಾಗಿ ಹಬ್ಬುವ ಮಹೋಪಮೆಗಳನ್ನು ಮಲೆನಾಡಿನ ಕಾಡಿನಿಂದ ತಂದರು. ಅವರ ರಾವಣ ಸೀತೆಯನ್ನು ತಾಯಿಯಾಗಿ ಕಾಣುವವರೆಗೆ ಬದಲಾಗುತ್ತಾನೆ. ಸೋತವನನ್ನು ಎತ್ತಿ ನಿಲ್ಲಿಸುವ ಕೆಲಸ ಅಲ್ಲೂ ಮುಂದುವರಿದಿದೆ. ‘ಬೆರಳ್‌ಗೆ ಕೊರಳ್’ ನಾಟಕದಲ್ಲಿ ಅವರು ಏಕಲವ್ಯನನ್ನೇ ನಡುವಿಗೆ ತಂದರು. ಪು.ತಿ.ನ. ‘ಅಹಲ್ಯೆ’ಯಂಥ ಗೀತನಾಟಕಗಳಲ್ಲಿ ಮಾತಿಗೂ ರಾಗಕ್ಕೂ ಇರುವ ಗೆರೆಯನ್ನು ಅಳಿಸಿದರು. ಎ.ಎನ್. ಮೂರ್ತಿರಾಯರು ಪ್ಲೇಟೋನಿಂದ ಸಾಕ್ರೆಟೀಸನ ಕೊನೆಯ ದಿನಗಳನ್ನು ಕನ್ನಡಕ್ಕೆ ತಂದರು. ಎಸ್.ವಿ. ರಂಗಣ್ಣನವರು ‘ಪಾಶ್ಚಾತ್ಯ ಗಂಭೀರ ನಾಟಕಗಳು’ ಬರೆದು, ಇಂಗ್ಲಿಷ್ ಬಾರದ ಓದುಗನೂ ಈ ನಾಟಕಗಳ ಒಳಹೊಕ್ಕು ಬರುವಂತೆ ಮಾಡಿದರು.

1970ರ ದಶಕದ ಆರಂಭದಲ್ಲಿ ಪಿ. ಲಂಕೇಶರು ಸಾಫೊಕ್ಲೀಸನ ಈಡಿಪಸ್ ಮತ್ತು ಅಂತಿಗೊನೆ ನಾಟಕಗಳನ್ನು ಆಡುಗನ್ನಡಕ್ಕೆ ತಂದರು. ಬಿ.ವಿ. ಕಾರಂತರು ಬೆಂಗಳೂರಿನಲ್ಲಿ ಬಯಲು ರಂಗದ ಮೇಲೆ ‘ಈಡಿಪಸ್’ ಆಡಿಸಿದ್ದು ಕನ್ನಡ ರಂಗಭೂಮಿಯ ಇತಿಹಾಸದಲ್ಲಿ ಸೇರಿಹೋಗಿದೆ. ಅದೇ ಕಾರಂತರು 1989ರಲ್ಲಿ ಮೈಸೂರಿಗೆ ಬಂದು ರಂಗಾಯಣ ಕಟ್ಟಿದರು.

ಇಷ್ಟೆಲ್ಲ ಆದರೂ ‘ಅಶ್ವತ್ಥಾಮನ್’ ಇಂದು ತರಗತಿಯ ಪಠ್ಯದ ಆಚೆ ಹೆಚ್ಚಾಗಿ ಕಾಣುವುದಿಲ್ಲ. ‘ಪಾರಸಿಕರು’ ಅದಕ್ಕಿಂತ ಕಡಿಮೆ. ಹಳಗನ್ನಡ ಕಷ್ಟ ಎಂಬುದು ಎಲ್ಲರೂ ಹೇಳುವ ಕಾರಣ. ಕಣ್ಣಿನಲ್ಲಿ ಓದಿದರೆ ಕಷ್ಟವೇ. ಗಮಕಿಯೊಬ್ಬರ ಕಂಠದಲ್ಲಿ ಕೇಳಿದರೆ ಅರ್ಧ ಕಷ್ಟ ಅಲ್ಲೇ ಕಳೆಯುತ್ತದೆ. ಕುಮಾರವ್ಯಾಸನನ್ನು ಓದುಬರಹ ಬಾರದವರೂ ಸವಿದದ್ದು ಹಾಗೆಯೇ ಅಲ್ಲವೆ? ಗ್ರೀಕ್ ನಾಟಕ ಕಿವಿಗಾಗಿ ಹುಟ್ಟಿದ ಕಲೆ. ಅದರಲ್ಲಿ ಯುದ್ಧ ರಂಗದ ಮೇಲೆ ನಡೆಯುವುದಿಲ್ಲ. ದೂತ ಬಂದು ಹೇಳುತ್ತಾನೆ, ಮೇಳ ಕೇಳಿ ಮರುಗುತ್ತದೆ. ‘ಪಾರಸಿಕರು’ ಬಂದ 1935ರಲ್ಲೇ, ಸೆಪ್ಟೆಂಬರ್ ತಿಂಗಳಲ್ಲಿ, ಮಹಾರಾಜಾ ಕಾಲೇಜಿನ ಮನಃಶಾಸ್ತ್ರದ ಪ್ರಾಧ್ಯಾಪಕ ಎಂ.ವಿ. ಗೋಪಾಲಸ್ವಾಮಿಯವರು ಒಂಟಿಕೊಪ್ಪಲಿನ ತಮ್ಮ ಮನೆಯಿಂದ ‘ಆಕಾಶವಾಣಿ’ ಎಂಬ ಹೆಸರಿನ ಬಾನುಲಿ ಕೇಂದ್ರವನ್ನು ಆರಂಭಿಸಿದ್ದರು. ಎರಡೂ ಒಂದೇ ವರ್ಷ. ಸಲಾಮಿಸಿನ ಸುದ್ದಿ ಹೊತ್ತು ಬರುವ ದೂತನಿಗೆ ಬಾನುಲಿಗಿಂತ ತಕ್ಕ ರಂಗ ಯಾವುದು?

ಅಥೆನ್ಸಿನ ನಾಟಕದ ಹಬ್ಬದಲ್ಲಿ ಒಬ್ಬೊಬ್ಬ ಕವಿ ಮೂರು ರುದ್ರನಾಟಕಗಳನ್ನು ಒಟ್ಟಿಗೆ ಕೊಡಬೇಕಿತ್ತು. ಬಿ.ಎಂ.ಶ್ರೀ ಅವರವೂ ಮೂರೇ ಇವೆ. ‘ಗದಾಯುದ್ಧ ನಾಟಕಂ’, ‘ಅಶ್ವತ್ಥಾಮನ್’, ‘ಪಾರಸಿಕರು’ ಈ ಮೂರನ್ನೂ ಅದೇ ಕ್ರಮದಲ್ಲಿ, ಮೂರು ಸಂಜೆ, ಮೈಸೂರಿನ ನಟರೂ ಗಮಕಿಗಳೂ ಕೂಡಿ ಬಾನುಲಿಯಲ್ಲಿ ಪ್ರಸಾರ ಮಾಡಬಹುದು. ಕಲಾಮಂದಿರದ ಆವರಣದಲ್ಲಿರುವ ವನರಂಗದಲ್ಲಿ ಆಡಬಹುದು. ಮೇಳದ ಭಾಗಗಳಿಗೆ ಯಾವ ರಾಗ, ಏಕಲವ್ಯನ ಮಾತಿಗೆ ಯಾವ ಓಟ, ದೂತನ ಸತ್ತವರ ಪಟ್ಟಿಯನ್ನು ಹಾಡಬೇಕೇ ಹೇಳಬೇಕೇ ಎಂಬುದನ್ನು ಅಭ್ಯಾಸಕ್ಕೆ ಕೂತವರು ನಿರ್ಧರಿಸಲಿ; ಪಠ್ಯಗಳು ಗ್ರಂಥಾಲಯದ ಕಪಾಟಿನಲ್ಲಿ ಸಿದ್ಧವಾಗಿವೆ.